ಶಾಸ್ತ್ರಕ್ಕೂ ಸೈ, ಸೊಗಸಿಗೂ ಸೈ: ಮಶ್ರು ಬಟ್ಟೆಯ ಜಾಣ್ಮೆ

ನಮ್ಮ ಕಡೆ ಪೂಜೆಗೆ ಕೂರುವ ಗಂಡಸು ರೇಷ್ಮೆ ಮಗುಟ ಉಟ್ಟರೆ ಮಡಿಯ ಮಾತು ಅಲ್ಲಿಗೆ ಮುಗಿಯಿತು. ಮದುವೆ ಮಂಟಪದಲ್ಲಿ ವರನಿಗೂ ರೇಷ್ಮೆ ಪಂಚೆ, ಶಲ್ಯವೇ ಶೋಭೆ. ಇಸ್ಲಾಮೀ ಸಂಪ್ರದಾಯದ ಲೆಕ್ಕ ಇದಕ್ಕೆ ತದ್ವಿರುದ್ಧ. ಚಿನ್ನ ಮತ್ತು ರೇಷ್ಮೆ ಹೆಂಗಸರಿಗೆ ಸಲ್ಲುತ್ತವೆ, ಗಂಡಸರಿಗಲ್ಲ ಎನ್ನುತ್ತವೆ ಪ್ರವಾದಿಯವರ ನಡೆನುಡಿಗಳ ದಾಖಲೆಗಳಾದ ಹದೀಸ್‌ಗಳು. ಅಂಚಿನಲ್ಲಿ ನಾಲ್ಕು ಬೆರಳಗಲದವರೆಗೆ ರೇಷ್ಮೆ ಇದ್ದರೆ ಅಡ್ಡಿಯಿಲ್ಲ. ಮೈ ತುರಿಕೆಯಿಂದ ಬಳಲುತ್ತಿದ್ದ ಇಬ್ಬರು ಸಂಗಡಿಗರಿಗೆ ಪ್ರವಾದಿಯವರು ರೇಷ್ಮೆ ತೊಡಲು ಬಿಟ್ಟರೆಂಬ ಉಲ್ಲೇಖವೂ ಇದೆ. ಇವೆಲ್ಲ ಸಣ್ಣಪುಟ್ಟ ವಿನಾಯಿತಿಗಳು. ಆದರೆ ದರ್ಬಾರಿನಲ್ಲಿ ಮಿಂಚಬೇಕಾದ ಅಮೀರನಿಗೆ ನಾಲ್ಕು ಬೆರಳಗಲ ಎಲ್ಲಿ ಸಾಕಾದೀತು?

ಈ ಇಕ್ಕಟ್ಟಿಗೆ ನೇಕಾರರು ಮಗ್ಗದ ಮೇಲೆಯೇ ಪರಿಹಾರ ಕಂಡುಕೊಂಡರು. ಹೊರಮೈ ಪೂರ್ತಿ ರೇಷ್ಮೆ, ಒಳಮೈ ಹತ್ತಿ. ಆ ಬಟ್ಟೆಯೇ ಮಶ್ರು. ಅರಬ್ಬಿಯಲ್ಲಿ ಈ ಮಾತಿಗೆ ಶರೀಯತ್ತು ಒಪ್ಪಿದ್ದು, ಅಂದರೆ ಧರ್ಮಸಮ್ಮತ ಎಂದು ಅರ್ಥ. ಬಟ್ಟೆಗಳಿಗೆ ಊರಿನ ಹೆಸರು, ಬಣ್ಣದ ಹೆಸರು, ನೂಲಿನ ಹೆಸರು ಇರುವುದು ಸಾಮಾನ್ಯ. ಅನುಮತಿಪತ್ರವನ್ನೇ ಹೆಸರಾಗಿ ಹೊತ್ತ ಬಟ್ಟೆ ಅಪರೂಪ.

ಹೊಕ್ಕಿನ ಮೇಲೆ ನಿಂತ ತೀರ್ಪು

ಮಶ್ರುವಿನ ಬಗ್ಗೆ ಎಲ್ಲರೂ ಹೇಳುವ ವಿವರಣೆ ಇಷ್ಟು: ಮೈಗೆ ತಾಗುವುದು ಹತ್ತಿ, ರೇಷ್ಮೆ ಚರ್ಮಕ್ಕೆ ಸೋಕುವುದಿಲ್ಲ, ಹಾಗಾಗಿ ದೋಷವಿಲ್ಲ. ವಿವರಣೆ ಚೆನ್ನಾಗಿದೆ, ಆದರೆ ನ್ಯಾಯಶಾಸ್ತ್ರಿಗಳು ಯೋಚಿಸಿದ ದಾರಿ ಇನ್ನೂ ಸೂಕ್ಷ್ಮವಾದದ್ದು.

12ನೇ ಶತಮಾನದಲ್ಲಿ ಮಧ್ಯ ಏಷ್ಯಾದ ಬುರ್ಹಾನುದ್ದೀನ್ ಮರ್ಘಿನಾನಿ ಬರೆದ ‘ಹಿದಾಯ’ ಇಸ್ಲಾಮೀ ನ್ಯಾಯಶಾಸ್ತ್ರದ ಹನಫಿ ಪಂಥದ ಪ್ರಮುಖ ಗ್ರಂಥ. ಈಸ್ಟ್ ಇಂಡಿಯಾ ಕಂಪನಿಯ ಕಾಲದಲ್ಲಿ ಚಾರ್ಲ್ಸ್ ಹ್ಯಾಮಿಲ್ಟನ್ 1791ರಲ್ಲಿ ಅದನ್ನು ಇಂಗ್ಲಿಷಿಗೆ ತಂದ. ಬೆರಕೆ ಬಟ್ಟೆಯ ಬಗ್ಗೆ ಅದರಲ್ಲಿ ಸ್ಪಷ್ಟ ತೀರ್ಪಿದೆ. ಉದ್ದದ ಎಳೆಗಳಾದ ಹಾಸು ರೇಷ್ಮೆಯಾಗಿದ್ದು, ಅಡ್ಡ ಎಳೆಯಾದ ಹೊಕ್ಕು ಹತ್ತಿಯಂಥ ಬೇರೆ ನೂಲಾಗಿದ್ದರೆ ಗಂಡಸರು ಉಡಬಹುದು. ಹೊಕ್ಕು ರೇಷ್ಮೆಯಾಗಿದ್ದು ಹಾಸು ಬೇರೆಯಾಗಿದ್ದರೆ ಯುದ್ಧದ ಹೊತ್ತಿಗಷ್ಟೇ ಸರಿ. ಇದಕ್ಕೆ ಕೊಟ್ಟ ಕಾರಣ ನೇಕಾರ ತಲೆದೂಗುವಂಥದ್ದು. ಮಗ್ಗಕ್ಕೆ ಹೂಡಿದ ಹಾಸು ಬರೀ ಎಳೆಗಳ ಸಾಲು. ಲಾಳಿ ಓಡಿ ಹೊಕ್ಕು ಸೇರಿದ ಮೇಲೆಯೇ ಅದು ಬಟ್ಟೆ. ಆದ್ದರಿಂದ ಬಟ್ಟೆಯ ಜಾತಿ ನಿರ್ಧರಿಸುವುದು ಹೊಕ್ಕು.

ತೀರ್ಪು ಇಷ್ಟು ಹೇಳಿತು. ಹಾಸು-ಹೊಕ್ಕುಗಳಲ್ಲಿ ಯಾವುದು ಎಷ್ಟು ಕಣ್ಣಿಗೆ ಕಾಣಬೇಕು ಎಂಬುದನ್ನು ಹೇಳಲಿಲ್ಲ. ಮಶ್ರು ನೇಕಾರನ ಜಾಣ್ಮೆ ಇರುವುದು ಆ ಜಾಗದಲ್ಲಿ. ಹತ್ತಿಯ ಹೊಕ್ಕು ಹಾಕಿ ನಿಯಮ ಪಾಲಿಸಿದ, ಆಮೇಲೆ ಆ ಹೊಕ್ಕು ಹೊರಗೆ ಕಾಣದಂತೆ ನೇಯ್ದ.

ಎಂಟು ಎಳೆಯ ಲೆಕ್ಕ

ಸಾದಾ ನೇಯ್ಗೆಯಲ್ಲಿ ಹೊಕ್ಕಿನ ಎಳೆ ಹಾಸಿನ ಒಂದು ಎಳೆಯ ಮೇಲೆ, ಮುಂದಿನದರ ಕೆಳಗೆ ಹೀಗೆ ಹಾದುಹೋಗುತ್ತದೆ. ಎರಡೂ ನೂಲು ಎರಡೂ ಮೈಯಲ್ಲಿ ಸಮವಾಗಿ ಕಾಣುತ್ತವೆ. ಹಾಸು ರೇಷ್ಮೆ, ಹೊಕ್ಕು ಹತ್ತಿ ಹಾಕಿ ಹೀಗೆ ನೇಯ್ದರೆ ಅರ್ಧ ಹೊಳಪು, ಅರ್ಧ ಮಂಕು.

ಮಶ್ರುವಿನದು ಸ್ಯಾಟಿನ್ ನೇಯ್ಗೆ. ಎಂಟು ತುಳಿಮಣೆಯ ಮಗ್ಗವನ್ನು ತೆಗೆದುಕೊಳ್ಳಿ. ಹೊಕ್ಕಿನ ಎಳೆ ಹಾಸಿನ ಏಳು ಎಳೆಗಳ ಕೆಳಗೆ ನುಸುಳಿ, ಎಂಟನೆಯದರ ಮೇಲೆ ಮಾತ್ರ ಒಮ್ಮೆ ತಲೆ ಎತ್ತಿ, ಮತ್ತೆ ಏಳರ ಕೆಳಗೆ ಇಳಿಯುತ್ತದೆ. ಮುಂದಿನ ಸಾಲಿನಲ್ಲಿ ಅದು ಕಟ್ಟು ಹಾಕುವ ಜಾಗ ಪಕ್ಕದ ಎಳೆಯಲ್ಲ, ಮೂರು ಎಳೆ ಆಚೆಗಿನದು. ಅದರ ಮುಂದಿನ ಸಾಲಿನಲ್ಲಿ ಇನ್ನೂ ಮೂರು ಆಚೆ. ಪಕ್ಕಪಕ್ಕದಲ್ಲೇ ಕಟ್ಟು ಬಿದ್ದಿದ್ದರೆ ಜೀನ್ಸ್ ಬಟ್ಟೆಯಲ್ಲಿ ಕಾಣುವಂಥ ಓರೆಗೆರೆ ಮೂಡುತ್ತಿತ್ತು. ಹೀಗೆ ಚದುರಿಸಿದ್ದರಿಂದ ಕಟ್ಟುಗಳು ಕಣ್ಣಿಗೆ ಸಿಗುವುದಿಲ್ಲ. ಒತ್ತಾಗಿ ಕೂಡಿಸಿದ ರೇಷ್ಮೆ ಎಳೆಗಳು ಉದ್ದುದ್ದಕ್ಕೆ ತೇಲಿ, ಬೆಳಕನ್ನು ಮುರಿಯದೆ ಹಿಂದಿರುಗಿಸುತ್ತವೆ. ಹೊಳಪಿನ ಗುಟ್ಟು ಇದೇ. ಬಟ್ಟೆಯನ್ನು ತಿರುವಿದರೆ ಲೆಕ್ಕವೂ ತಿರುಗುತ್ತದೆ: ಎಂಟರಲ್ಲಿ ಏಳು ಪಾಲು ಹತ್ತಿ.

ಈ ರಚನೆಗೆ ಇನ್ನೊಂದು ಪರಿಣಾಮವಿದೆ. ಹೊಕ್ಕು ಹೊರಗೆ ಕಾಣುವುದೇ ಇಲ್ಲವಾದ್ದರಿಂದ ವಿನ್ಯಾಸಕ್ಕೆ ಅದರಿಂದ ಉಪಯೋಗವಿಲ್ಲ. ಬಣ್ಣದ ಆಟವೆಲ್ಲ ಹಾಸಿನಲ್ಲೇ ನಡೆಯಬೇಕು. ಮಶ್ರು ಎಂದರೆ ಪಟ್ಟೆಗಳು ನೆನಪಾಗುವುದು ಇದಕ್ಕೇ. ಕೆಂಪು, ಹಳದಿ, ಹಸಿರು, ನೀಲಿ, ನಡುವೆ ಬಿಳಿಯ ಗೆರೆ. ಹಾಸು ಹೂಡುವಾಗಲೇ ಯಾವ ಬಣ್ಣದ ಎಳೆ ಎಷ್ಟು ಎಂಬ ಎಣಿಕೆ ಮುಗಿದಿರುತ್ತದೆ.

ಬರೀ ಪಟ್ಟೆ ಸಾಲದು ಎಂದವರಿಗೆ ಇಕತ್ ಇತ್ತು. ಹಾಸಿನ ಎಳೆಗಳ ಕಟ್ಟನ್ನು ಅಲ್ಲಲ್ಲಿ ಬಿಗಿದು ಬಣ್ಣದಲ್ಲಿ ಅದ್ದಿದರೆ ಬಿಗಿದ ಜಾಗ ಬಣ್ಣ ಕುಡಿಯುವುದಿಲ್ಲ. ಬಿಚ್ಚಿ ಮಗ್ಗಕ್ಕೆ ಹೂಡುವಾಗ ಎಳೆಗಳನ್ನು ಚೂರುಚೂರೇ ಜಾರಿಸಿದರೆ ಬಿಳಿ ತುಣುಕುಗಳು ಬಾಣದ ಮೊನೆಯಾಗುತ್ತವೆ, ಅಲೆಯಾಗುತ್ತವೆ. ಖರ್ಜೂರದ ಗರಿಯಂತೆ ಕಾಣುವ ವಿನ್ಯಾಸಕ್ಕೆ ಖಜೂರಿಯಾ ಎಂದೇ ಹೆಸರು. ಗುಜರಾತಿನ ಪಾಟಣದಲ್ಲಿ ಪಟೋಲ ಮತ್ತು ಮಶ್ರು ಒಂದೇ ಊರಿನ ಮಕ್ಕಳು. ಪಟೋಲದಲ್ಲಿ ಹಾಸು, ಹೊಕ್ಕು ಎರಡನ್ನೂ ಬಿಗಿದು ಬಣ್ಣ ಹಾಕುತ್ತಾರೆ, ತಿಂಗಳುಗಟ್ಟಲೆ ಕೆಲಸ. ಮಶ್ರುವಿನಲ್ಲಿ ಹಾಸಿಗೆ ಮಾತ್ರ.

ಮಗ್ಗದಿಂದ ಇಳಿದ ಬಟ್ಟೆಗೆ ಕುಂದಿ ಆಗಬೇಕು. ತಣ್ಣೀರಿನಲ್ಲಿ ತೊಳೆದು, ಮಡಿಸಿ, ಮರದ ಕೊಡತಿಯಿಂದ ಹದವಾಗಿ ಬಡಿಯುತ್ತಾರೆ. ಏಟಿಗೆ ನೂಲು ಚಪ್ಪಟೆಯಾಗಿ ಹೊಳಪು ಏರುತ್ತದೆ. ರೇಷ್ಮೆಯ ಮೈಗೆ ಗೋಧಿ ಹಿಟ್ಟಿನ ತೆಳು ಗಂಜಿ ಸವರಿ ಒತ್ತುವುದೂ ಉಂಟು.

ಇಸ್ತಾಂಬುಲ್‌ನಿಂದ ತಿರುಚಿನಾಪಳ್ಳಿವರೆಗೆ

ಹನಫಿ ಪಂಥ ಒಟ್ಟೊಮನ್ ಸಾಮ್ರಾಜ್ಯದಲ್ಲೂ ಮೊಘಲರಲ್ಲೂ ನಡೆಯುತ್ತಿತ್ತು. ಈ ಜಾತಿಯ ಬಟ್ಟೆ ಎರಡೂ ಕಡೆ ಬೇರೂರಿದ್ದರಲ್ಲಿ ಆಶ್ಚರ್ಯವಿಲ್ಲ. ತುರ್ಕಿಯ ಗಾಜಿಯಾಂತೆಪ್‌ನಲ್ಲಿ ಇಂದಿಗೂ ನೇಯುವ ‘ಕುತ್ನು’ ಮಶ್ರುವಿನ ಖಾಸಾ ದಾಯಾದಿ. ಅಲ್ಲಿಯೂ ಹೊಳೆಯುವ ಹಾಸು, ಹತ್ತಿಯ ಹೊಕ್ಕು, ಉದ್ದ ಪಟ್ಟೆಗಳು. ಭಾರತದಲ್ಲಿ ಗುಜರಾತ್, ದಖ್ಖನ್, ತಮಿಳುನಾಡಿನ ತಿರುಚಿನಾಪಳ್ಳಿ ಮಶ್ರುವಿಗೆ ಹೆಸರಾಗಿದ್ದವು. ಉತ್ತರ ಪ್ರದೇಶದ ಆಜಮ್‌ಗಢ ಸೀಮೆಯಲ್ಲಿ ಇದರ ಹತ್ತಿರದ ಬಟ್ಟೆಗಳಿಗೆ ಸಂಗಿ, ಘಲ್ತಾ ಎಂಬ ಹೆಸರುಗಳಿದ್ದವು. ಗುಜರಾತಿನ ಬಂದರುಗಳಿಂದ ಅರಬ್ ನಾಡುಗಳಿಗೆ ಮಶ್ರು ಹಡಗು ಹತ್ತುತ್ತಿತ್ತು.

ಔರಂಗಾಬಾದಿನ ಹಿಮ್ರೂ ಜೊತೆ ಇದನ್ನು ಕಲಸಿಕೊಳ್ಳುವವರಿದ್ದಾರೆ. ಹಿಮ್ರೂನಲ್ಲೂ ರೇಷ್ಮೆ, ಹತ್ತಿ ಎರಡೂ ಇವೆ. ಆದರೆ ಅದರ ಹೂಬಳ್ಳಿಗಳು ಹೆಚ್ಚುವರಿ ಹೊಕ್ಕಿನಿಂದ ಎದ್ದು ಬರುತ್ತವೆ. ಮಶ್ರುವಿನ ಮೈ ನುಣುಪು, ಅದರ ಅಂದವೆಲ್ಲ ಹಾಸಿನದು. ನಿಜಾಮರ ಸಂಸ್ಥಾನದಲ್ಲಿ ಎರಡಕ್ಕೂ ಬೇಡಿಕೆಯಿತ್ತು. ಬೀದರ್, ಕಲಬುರಗಿ, ರಾಯಚೂರು 1948ರವರೆಗೆ ಅದೇ ಸಂಸ್ಥಾನದ ಜಿಲ್ಲೆಗಳಾಗಿದ್ದವು.

ಲಂಡನ್ನಿನ ಇಂಡಿಯಾ ಮ್ಯೂಸಿಯಂನಲ್ಲಿದ್ದ ಜಾನ್ ಫೋರ್ಬ್ಸ್ ವಾಟ್ಸನ್ 1866ರಲ್ಲಿ ಭಾರತದ ಬಟ್ಟೆಗಳ 700 ನಿಜವಾದ ತುಣುಕುಗಳನ್ನು ಅಂಟಿಸಿದ 18 ಸಂಪುಟಗಳನ್ನು ಹೊರತಂದ. ಮಶ್ರುವೂ ಅದರಲ್ಲಿದೆ. ಉದ್ದೇಶ ಕಲೆಯ ಸೇವೆಯಲ್ಲ. ಭಾರತೀಯರು ಏನು ಉಡುತ್ತಾರೆಂದು ಬ್ರಿಟಿಷ್ ಗಿರಣಿಗಳು ನೋಡಿ ಕಲಿತು, ಅಂಥದ್ದನ್ನೇ ತಯಾರಿಸಿ ಇಲ್ಲಿಗೆ ಮಾರಲಿ ಎಂಬುದು ಲೆಕ್ಕಾಚಾರ.

ಅನುಮತಿ ಬೇಕಿಲ್ಲದವರು

ಗಂಡಸರ ಪೈಜಾಮ, ಅಂಗರಖಾ, ನಿಲುವಂಗಿಯ ಒಳಪದರ, ರಜಾಯಿ, ದಿಂಬಿನ ಚೀಲ, ಡೇರೆಯ ಒಳಮೈ: ಶ್ರೀಮಂತರ ಮನೆಯಲ್ಲಿ ಮಶ್ರು ಇಲ್ಲೆಲ್ಲ ಕಾಣುತ್ತಿತ್ತು. ಆದರೆ ಇದನ್ನು ಹೆಚ್ಚು ಕಾಲ, ಹೆಚ್ಚು ಪ್ರೀತಿಯಿಂದ ಉಟ್ಟವರು ಬೇರೆಯವರೇ. ಕಚ್ಛ್, ಸೌರಾಷ್ಟ್ರದ ರಬಾರಿ, ಆಹೀರ್ ಮೊದಲಾದ ಪಶುಪಾಲಕ, ರೈತ ಸಮುದಾಯಗಳ ಹೆಂಗಸರು. ಮದುವೆಯ ಘಾಗ್ರಾಕ್ಕೆ ಮಶ್ರು, ಬೆನ್ನು ತೆರೆದ ಕಂಜರಿ ರವಿಕೆಗೆ ಮಶ್ರು, ಅದರ ಮೇಲೆ ಕನ್ನಡಿ ಕೂರಿಸಿದ ಕಸೂತಿ. ಮಗಳಿಗೆ ಕೊಡುವ ಬಳುವಳಿಯ ಗಂಟಿನಲ್ಲೂ ಅದಕ್ಕೆ ಜಾಗ.

ಇವರು ಹೆಂಗಸರು, ಅದರಲ್ಲೂ ಬಹುಪಾಲು ಹಿಂದೂಗಳು. ಶರೀಯತ್ತಿನ ರೇಷ್ಮೆ ನಿಷೇಧ ಎರಡು ರೀತಿಯಲ್ಲೂ ಇವರಿಗೆ ತಟ್ಟುವುದಿಲ್ಲ. ಹಾಗಿದ್ದೂ ಇವರಿಗೆ ಮಶ್ರು ಹಿಡಿಸಿದ್ದೇಕೆ? ಬಿಸಿಲ ಸೀಮೆಯಲ್ಲಿ ಅಪ್ಪಟ ರೇಷ್ಮೆ ಬೆವರಿಗೆ ಮೈಗೆ ಅಂಟುತ್ತದೆ. ಹತ್ತಿಯ ಒಳಮೈ ಬೆವರು ಹೀರುತ್ತದೆ. ಹೊಕ್ಕಿನಷ್ಟು ರೇಷ್ಮೆಯ ಖರ್ಚು ಉಳಿಯುತ್ತದೆ, ಆದರೂ ನೋಡುವವರಿಗೆ ಪೂರ್ತಿ ರೇಷ್ಮೆಯೇ. ಹತ್ತಿಯ ಬಲ ಇರುವುದರಿಂದ ಕಸೂತಿಯ ಸೂಜಿಗೂ ಗಾಜಿನ ಭಾರಕ್ಕೂ ತಡೆದುಕೊಳ್ಳುತ್ತದೆ.

ಕರ್ನಾಟಕದ ನೇಕಾರರಿಗೂ ಈ ಲೆಕ್ಕ ಹೊಸದಲ್ಲ. ಇಳಕಲ್ ಸೀರೆಯಲ್ಲಿ ಒಡಲಿನ ಹತ್ತಿ ಹಾಸಿಗೆ ಸೆರಗಿನ ರೇಷ್ಮೆ ಹಾಸನ್ನು ಕೊಂಡಿ ಹಾಕಿ ಜೋಡಿಸುತ್ತಾರೆ. ಗುಳೇದಗುಡ್ಡದ ಖಣವೂ ರೇಷ್ಮೆ ಮತ್ತು ಹತ್ತಿಯನ್ನು ಬೆರೆಸಿ ಬೆಳೆದ ಬಟ್ಟೆ. ನೇಯ್ಗೆಯ ವಿಧಾನ ಮಶ್ರುವಿನದಲ್ಲ, ಹಿಂದಿನ ಕಾರಣ ಮಾತ್ರ ಒಂದೇ: ಬಿಸಿಲು ಜಾಸ್ತಿ, ರೇಷ್ಮೆ ದುಬಾರಿ, ಸಿಂಗಾರದ ಆಸೆ ಯಾರಿಗೂ ಕಡಿಮೆಯಿಲ್ಲ.

ರೇಯಾನ್ ಬಂದ ಮೇಲೆ

20ನೇ ಶತಮಾನದಲ್ಲಿ ಮಶ್ರುವಿನ ಕಾಲ ಬದಲಾಯಿತು. ಒಟ್ಟೊಮನ್ ಸಾಮ್ರಾಜ್ಯ ಕುಸಿಯಿತು, ಇಲ್ಲಿನ ಸಂಸ್ಥಾನಗಳೂ ಹೋದವು, ದರ್ಬಾರಿ ಉಡುಗೆಯ ಗಿರಾಕಿಗಳು ಇಲ್ಲವಾದರು. ಅಷ್ಟರಲ್ಲಿ ರೇಯಾನ್ ಬಂತು, ‘ಆರ್ಟ್ ಸಿಲ್ಕ್’ ಎಂಬ ಹೆಸರಿನಲ್ಲಿ. ಮರದ ತಿರುಳಿನಿಂದ ತೆಗೆದ ಈ ನೂಲಿಗೆ ಹೊಳಪಿದೆ, ಬೆಲೆ ಕಡಿಮೆ. ಹಳ್ಳಿಯ ಗಿರಾಕಿಯ ಕೈಗೆಟುಕಲು ನೇಕಾರರು ಹಾಸಿಗೆ ರೇಯಾನ್ ಹೂಡಿದರು. ಇವತ್ತು ಪಾಟಣ, ಕಚ್ಛ್ ಕಡೆ ಉಳಿದಿರುವ ಬೆರಳೆಣಿಕೆಯ ಮಗ್ಗಗಳಲ್ಲಿ ಇಳಿಯುವ ಮಶ್ರು ಬಹುಪಾಲು ರೇಯಾನಿನದೇ. ಮಿಲ್ಲಿನಲ್ಲಿ ನೇಯ್ದ, ಅಚ್ಚು ಹಾಕಿದ ಪಟ್ಟೆಯ ಸ್ಯಾಟಿನ್ ಕೂಡ ಇದೇ ಹೆಸರಿನಲ್ಲಿ ಅಂಗಡಿ ಸೇರುತ್ತದೆ. ‘ಮಶ್ರು ಸಿಲ್ಕ್’ ಎಂದು ಬರೆದ ಸೀರೆಗಳಂತೂ ಆನ್‌ಲೈನ್‌ನಲ್ಲಿ ರಾಶಿ ರಾಶಿ.

ರೇಯಾನ್ ಹಾಕಿದರೆ ಅದು ಮಶ್ರು ಅಲ್ಲ ಎಂದು ಮೂಗು ಮುರಿಯುವುದು ಸುಲಭ. ಆದರೆ ಗಮನಿಸಿ, ರೇಯಾನ್ ಬಂದ ಮೇಲೆ ಆ ಹೆಸರಿನ ಮೂಲ ಸಮಸ್ಯೆಯೇ ಮಾಯವಾಗಿದೆ. ರೇಷ್ಮೆಯೇ ಇಲ್ಲದ ಬಟ್ಟೆಗೆ ಯಾರ ಅಪ್ಪಣೆಯೂ ಬೇಕಿಲ್ಲ. ಉಳಿದಿರುವುದು ನೇಯ್ಗೆ: ತೇಲುವ ಹಾಸು, ಅಡಗುವ ಹೊಕ್ಕು, ಹಾಸಿನಲ್ಲೇ ಮೂಡಿದ ಪಟ್ಟೆ. ಮಶ್ರುವನ್ನು ಗುರುತಿಸಬೇಕಾದದ್ದೂ ಇವುಗಳಿಂದಲೇ.

ಕೊಳ್ಳುವಾಗ ಮೊದಲು ಬಟ್ಟೆಯನ್ನು ತಿರುವಿ ನೋಡಿ. ಹೊರಮೈ ಹೊಳೆದು ಒಳಮೈ ಮಂಕಾಗಿರಬೇಕು, ಒಳಗೆ ಹೊಕ್ಕಿನ ಹತ್ತಿಯ ಬಣ್ಣ ಮೇಲುಗೈ ಪಡೆದಿರಬೇಕು. ಎರಡೂ ಮೈ ಒಂದೇ ತೆರನಾಗಿದ್ದರೆ ಅದು ಬೇರೆ ಬಟ್ಟೆ. ಅಂಚಿನಿಂದ ಹಾಸಿನ ಒಂದೆರಡು ಎಳೆ ಬಿಡಿಸಿಕೊಂಡು ಸುಟ್ಟು ನೋಡಿದರೆ ನೂಲಿನ ಜಾತಿ ತಿಳಿಯುತ್ತದೆ. ರೇಷ್ಮೆ ಕೂದಲು ಸುಟ್ಟ ವಾಸನೆ ಬಿಟ್ಟು, ಬೆರಳಲ್ಲಿ ಪುಡಿಯಾಗುವ ಕರಿ ಉಳಿಸುತ್ತದೆ. ರೇಯಾನ್ ಕಾಗದದಂತೆ ಉರಿದುಹೋಗುತ್ತದೆ. ಇಕತ್ ಆಗಿದ್ದರೆ ಬಾಣದ ಮೊನೆಗಳ ಅಂಚು ತುಸು ಕದಡಿದಂತೆ ಇರುತ್ತದೆ. ಗೆರೆ ಕೊರೆದಷ್ಟು ಸ್ಪಷ್ಟವಾಗಿದ್ದರೆ ಅಚ್ಚಿನದೆಂದು ಅನುಮಾನಿಸಿ.

ಉಡುವವರಿಗೆ ಒಂದು ಎಚ್ಚರ. ಏಳು ಎಳೆಯಷ್ಟು ದೂರ ಕಟ್ಟಿಲ್ಲದೆ ತೇಲುವ ನೂಲು ಬಳೆ, ಉಂಗುರದ ಮೊನೆಗೆ ಬೇಗ ಸಿಕ್ಕಿಕೊಳ್ಳುತ್ತದೆ. ಹಳೆಯ ಮಶ್ರು ಸವೆಯುವ ಬಗೆಯೂ ಹೀಗೆಯೇ. ಮೊದಲು ಮೇಲಿನ ರೇಷ್ಮೆ ಎಳೆಗಳು ಹರಿದು, ಅಡಗಿದ್ದ ಹತ್ತಿ ಅಡ್ಡಗೆರೆಯಾಗಿ ಈಚೆ ಬರುತ್ತದೆ. ಕಪ್ಪು, ಕಂದು ಪಟ್ಟೆಗಳು ಮಿಕ್ಕವಕ್ಕಿಂತ ಮುಂಚೆ ಜೀರ್ಣವಾಗಿದ್ದರೆ ಕಾರಣ ಆ ಬಣ್ಣಕ್ಕೆ ಬಳಸಿದ ಕಬ್ಬಿಣದ ಅಂಶ. ಅದು ರೇಷ್ಮೆಯನ್ನು ತಿನ್ನುತ್ತದೆ.

ಧರ್ಮದ ಕಟ್ಟಳೆ ಮಶ್ರುವಿಗೆ ಹೆಸರು ಕೊಟ್ಟಿತು, ಮೊದಲ ಗಿರಾಕಿಗಳನ್ನೂ ಕೊಟ್ಟಿತು. ಆ ಗಿರಾಕಿಗಳು ಹೋದ ಮೇಲೂ ಅದನ್ನು ಬದುಕಿಸಿದ್ದು ಕಟ್ಟಳೆಯ ಗೊಡವೆಯೇ ಇಲ್ಲದೆ ಮಗಳ ಮದುವೆಗೆ ಒಂದು ಘಾಗ್ರಾ ಹೊಲಿಸಿದ ಮನೆಗಳು. ಈಗ ಅಂಥ ಮನೆಗಳಲ್ಲೂ ಮಿಲ್ ಬಟ್ಟೆ ಬಂದಿದೆ. ರೇಷ್ಮೆ ಹಾಸಿನ ಕೈಮಗ್ಗದ ಮಶ್ರು ಬೇಕೆಂದು ನಗರದ ಕೆಲವರು ಮತ್ತೆ ಕೇಳಿ ನೇಯಿಸಿಕೊಳ್ಳುತ್ತಿದ್ದಾರೆ. ಎಂಟು ತುಳಿಮಣೆಯ ಕೆಲಸಕ್ಕೆ ತಕ್ಕ ಕೂಲಿ ಸಿಕ್ಕರೆ ಮಗ್ಗ ನಡೆಯುತ್ತದೆ. ಇನ್ನು ಮುಂದೆ ಮಶ್ರುವಿಗೆ ಬೇಕಾದ ಅಪ್ಪಣೆ ಕೊಳ್ಳುವವರದು.