ಆಟವನ್ನು ಒಳಕ್ಕೇಕೆ ತರಬೇಕು?

ಪ್ಲೇಸ್ಟೇಷನ್ 5 ಎಂಬ ವಿಡಿಯೋ ಗೇಮ್ ಯಂತ್ರ 2020ರ ನವೆಂಬರ್‌ನಲ್ಲಿ ಮಾರುಕಟ್ಟೆಗೆ ಬಂತು. ಅದರ ಆಟಗಳನ್ನು ಯುಎಸ್‌ಬಿ ಮೂಲಕ ಜೋಡಿಸಿದ ಹೊರಗಿನ ಡಿಸ್ಕ್‌ನಲ್ಲಿ ಇಡಲು 2021ರ ಏಪ್ರಿಲ್‌ನಿಂದ ಅವಕಾಶವಾಯಿತು. ಆದರೆ ಅಲ್ಲಿಂದಲೇ ಆಡುವಂತಿಲ್ಲ. ಮೊದಲು ಯಂತ್ರದೊಳಗಿನ ಎಸ್‌ಎಸ್‌ಡಿಗೆ ನಕಲಿಸಿಕೊಳ್ಳಬೇಕು. ಹಳೆಯ ಪ್ಲೇಸ್ಟೇಷನ್ 4ರ ಆಟಗಳನ್ನಾದರೋ ಹೊರಗಿನಿಂದಲೇ ಆಡಬಹುದು. ಏಕೆ ಈ ಭೇದ?

ಉತ್ತರವಿರುವುದು ದತ್ತಾಂಶ ಹರಿಯುವ ವೇಗದಲ್ಲಿ. ಹಾರ್ಡ್ ಡಿಸ್ಕ್‌ನಲ್ಲಿ ಕಾಂತೀಯ ಲೇಪನದ ತಟ್ಟೆ ತಿರುಗುತ್ತಿರುತ್ತದೆ. ಓದುವ ಹೆಡ್ ಸರಿಯಾದ ಜಾಗಕ್ಕೆ ಸರಿದು, ಬೇಕಾದ ಭಾಗ ತನ್ನ ಕೆಳಗೆ ಬರುವವರೆಗೆ ಕಾಯಬೇಕು. ಸೆಕೆಂಡಿಗೆ ಸುಮಾರು 100 ಮೆಗಾಬೈಟ್ ಓದೀತು ಎನ್ನಿ. ಚಿಪ್‌ಗಳಿಂದಾದ ಎಸ್‌ಎಸ್‌ಡಿಯಲ್ಲಿ ಚಲಿಸುವ ಭಾಗಗಳೇ ಇಲ್ಲ. ಈ ಯಂತ್ರದ ಒಳಗಿನದು ಸೆಕೆಂಡಿಗೆ 5.5 ಗಿಗಾಬೈಟ್ ಓದುತ್ತದೆ. 16 ಗಿಗಾಬೈಟ್ ಮೆಮೊರಿ ತುಂಬಲು ಇದಕ್ಕೆ 3 ಸೆಕೆಂಡು ಸಾಕು, ಹಾರ್ಡ್ ಡಿಸ್ಕ್‌ಗೆ 160 ಸೆಕೆಂಡು! ಆಟದೊಳಗಿನ ಓಟಗಾರ ಬೀದಿಯ ತಿರುವು ದಾಟುವಷ್ಟರಲ್ಲಿ ಮುಂದಿನ ದೃಶ್ಯ ಸಿದ್ಧವಿರಬೇಕಲ್ಲ.

ಹೊರಗೂ ಎಸ್‌ಎಸ್‌ಡಿಯನ್ನೇ ಜೋಡಿಸಿದರೆ? ಆಗ ಯುಎಸ್‌ಬಿ ಮಾರ್ಗವೇ ಇಕ್ಕಟ್ಟು. 5 ಗಿಗಾಬಿಟ್ ಎಂಬುದನ್ನು 5 ಗಿಗಾಬೈಟ್ ಎಂದು ಓದಿಕೊಳ್ಳಬಾರದು. 8 ಬಿಟ್ ಸೇರಿದರೆ ಒಂದು ಬೈಟ್. ಇಲ್ಲಿ ಪ್ರತಿ 8 ಬಿಟ್ ಮಾಹಿತಿ 10 ಬಿಟ್ ಸಂಕೇತವಾಗಿ ಸಾಗುವುದರಿಂದ ಸೆಕೆಂಡಿಗೆ ಗರಿಷ್ಠ 500 ಮೆಗಾಬೈಟ್ ಮಾತ್ರ. 10 ಗಿಗಾಬಿಟ್ ಮಾರ್ಗವೂ 1.25 ಗಿಗಾಬೈಟ್ ಮೀರದು.

ಒಂದು ಎಚ್ಚರಿಕೆ. ಹೊರಗಿನ ಡಿಸ್ಕನ್ನು ಮೊದಲ ಸಲ ಫಾರ್ಮ್ಯಾಟ್ ಮಾಡುವಾಗ ಅದರಲ್ಲಿದ್ದುದೆಲ್ಲ ಅಳಿಸಿಹೋಗುತ್ತದೆ. ಮನೆಯವರ ಫೋಟೊಗಳಿದ್ದರೆ ಮೊದಲೇ ಬೇರೆಡೆ ಉಳಿಸಿಕೊಳ್ಳಿ. ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೀರಿ ಎಂಬ ದಾಖಲೆ ಮಾತ್ರ ಆಟದೊಂದಿಗೆ ಹೊರಗೆ ಹೋಗುವುದಿಲ್ಲ. ಅದು ಯಂತ್ರದಲ್ಲೇ ಇರುತ್ತದೆ.