ವೀರ ಐತಿಹ್ಯದಲ್ಲಿ ವಾಯುಯೋಧ: ಏರ್ ಮಾರ್ಷಲ್ ಕೆ. ಸಿ. ಕಾರ್ಯಪ್ಪ ಅವರ ಸೇವಾಜೀವನ ಮತ್ತು ಜನಕಥನ

ವೀರನನ್ನು ನೆನೆಯಲು ಕನ್ನಡ ಜನಪದರು ಹಲವು ದಾರಿಗಳನ್ನು ಕಂಡುಕೊಂಡಿದ್ದಾರೆ. ಊರ ಮುಂದಿನ ವೀರಗಲ್ಲು, ಜಾತ್ರೆಯ ಲಾವಣಿ, ಅಹೋರಾತ್ರಿ ಹಾಡುವ ಕಾವ್ಯ, ಜಗಲಿಯ ಮೇಲೆ ಬಾಯಿಂದ ಬಾಯಿಗೆ ದಾಟುವ ಐತಿಹ್ಯ ಇವೆಲ್ಲ ಅಂಥ ದಾರಿಗಳೇ. ಇಪ್ಪತ್ತನೆಯ ಶತಮಾನದ ಯುದ್ಧಗಳಲ್ಲಿ ಹೋರಾಡಿದವರಿಗೆ ಊರಿನವರು ಕಲ್ಲು ನಿಲ್ಲಿಸುವ ಸಂಪ್ರದಾಯ ಬಹುಮಟ್ಟಿಗೆ ನಿಂತುಹೋಗಿದ್ದರೂ ಐತಿಹ್ಯ ಹುಟ್ಟುವುದು ನಿಂತಿಲ್ಲ. ಹೀಗೆ ಹುಟ್ಟಿದ ಐತಿಹ್ಯಗಳಲ್ಲಿ ಫೀಲ್ಡ್ ಮಾರ್ಷಲ್ ಕೆ. ಎಂ. ಕಾರ್ಯಪ್ಪ ಹಾಗೂ ಪಾಕಿಸ್ತಾನದಲ್ಲಿ ಸೆರೆಯಾದ ಅವರ ಮಗನ ಕಥೆ ನಾಡಿನಾದ್ಯಂತ ಹರಡಿರುವಂಥದು. ಆ ಮಗನೇ ದಾಳಿ ವಿಮಾನದ ಪೈಲಟ್ ಆಗಿದ್ದು ಮುಂದೆ ಏರ್ ಮಾರ್ಷಲ್ ಪದವಿಗೇರಿದ ಕೊಡಂದೇರ ನಂದಾ ಕಾರ್ಯಪ್ಪ. ಕಥೆ ಇವರಲ್ಲಿ ಏನನ್ನು ಉಳಿಸಿಕೊಂಡಿತು, ಏನನ್ನು ಕೈಬಿಟ್ಟಿತು ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಘಟನೆ

1938ರಲ್ಲಿ ಜನಿಸಿದ ನಂದಾ ಕಾರ್ಯಪ್ಪ ತಂದೆಯಂತೆ ಭೂಸೇನೆಗೆ ಸೇರದೆ ವಾಯುಪಡೆಯನ್ನು ಆರಿಸಿಕೊಂಡರು. 1965ರ ಭಾರತ–ಪಾಕಿಸ್ತಾನ ಯುದ್ಧದ ವೇಳೆಗೆ ಅವರು ಫ್ಲೈಟ್ ಲೆಫ್ಟಿನೆಂಟ್ ದರ್ಜೆಯಲ್ಲಿದ್ದು, 20ನೆಯ ಸ್ಕ್ವಾಡ್ರನ್ನಿನಲ್ಲಿ ಹಂಟರ್ ವಿಮಾನ ನಡೆಸುತ್ತಿದ್ದರು. ಭಾರತೀಯ ವಾಯುಪಡೆಯಲ್ಲಿ ದೂರದ ಗುರಿಗಳ ಮೇಲೆ ಬಾಂಬು ಹಾಕುವ ಹೊಣೆ ಆಗ ಮುಖ್ಯವಾಗಿ ಕ್ಯಾನ್‌ಬೆರಾ ವಿಮಾನಗಳದು. ಬ್ರಿಟನ್ನಿನಲ್ಲಿ ತಯಾರಾದ ಹಂಟರ್ ಮೂಲತಃ ಕಾಳಗದ ವಿಮಾನವಾದರೂ ನಾಲ್ಕು ಫಿರಂಗಿಗಳ ಜೊತೆಗೆ ರಾಕೆಟ್ಟು, ಬಾಂಬುಗಳನ್ನೂ ಹೊತ್ತು ನೆಲದ ಮೇಲಿನ ಗುರಿಗಳಿಗೆ ಎರಗಬಲ್ಲದಾಗಿತ್ತು. ಅದರಲ್ಲಿ ಕೂರುವವನು ಒಬ್ಬನೇ. ದಾರಿ ನೋಡುವವನೂ ಗುರಿ ಹಿಡಿಯುವವನೂ ಅಪಾಯವನ್ನು ಮೊದಲು ಕಾಣಬೇಕಾದವನೂ ಅವನೇ. ಗುರಿ ತಪ್ಪಬಾರದೆಂದು ವಿಮಾನ ಕೆಳಕ್ಕೆ ಇಳಿದಷ್ಟೂ ನೆಲದ ತೋಪುಗಳ ಬಾಯಿಗೆ ಹತ್ತಿರವಾಗುತ್ತದೆ.

1965ರ ಸೆಪ್ಟೆಂಬರ್ 22ರಂದು, ಕದನವಿರಾಮ ಜಾರಿಗೆ ಬರುವ ಹಿಂದಿನ ದಿನ, ಪಂಜಾಬಿನ ಗಡಿಯಲ್ಲಿ ಇಂಥದೊಂದು ದಾಳಿಯಲ್ಲಿದ್ದಾಗ ನಂದಾ ಅವರ ವಿಮಾನಕ್ಕೆ ನೆಲದಿಂದ ಹಾರಿದ ಗುಂಡು ತಗುಲಿತು. ಅವರು ಆಸನಸಮೇತ ಹೊರಕ್ಕೆ ಚಿಮ್ಮಿ ಪ್ಯಾರಾಚೂಟಿನ ಸಹಾಯದಿಂದ ನೆಲ ಮುಟ್ಟಿದರು. ಹೀಗೆ ಚಿಮ್ಮುವಾಗ ಬೆನ್ನೆಲುಬಿನ ಮೇಲೆ ಬೀಳುವ ಒತ್ತಡ ಅಪಾರವಾದುದು. ಅವರ ಬೆನ್ನಿಗೂ ಪೆಟ್ಟಾಯಿತು. ಪಾಕಿಸ್ತಾನದ ಸೈನಿಕರು ಅವರನ್ನು ಸೆರೆಹಿಡಿದರು. ಸುಮಾರು ನಾಲ್ಕು ತಿಂಗಳ ಬಳಿಕ, ತಾಷ್ಕೆಂಟ್ ಒಪ್ಪಂದವಾದ ಮೇಲೆ, 1966ರ ಜನವರಿಯಲ್ಲಿ ಇತರ ಯುದ್ಧಕೈದಿಗಳೊಡನೆ ಅವರು ಸ್ವದೇಶಕ್ಕೆ ಮರಳಿದರು.

ಕಥೆ ಮತ್ತು ಅದರ ಪಾಠಾಂತರಗಳು

ಈ ಘಟನೆಯ ಸುತ್ತ ಐತಿಹ್ಯ ಬೆಳೆಯಲು ಕಾರಣ ಪಾಕಿಸ್ತಾನದ ಅಂದಿನ ಅಧ್ಯಕ್ಷ ಅಯೂಬ್ ಖಾನ್. ದೇಶವಿಭಜನೆಗೆ ಮುನ್ನ ವಾಯವ್ಯ ಗಡಿ ಪ್ರಾಂತದಲ್ಲಿ ಅವರು ಬ್ರಿಗೇಡಿಯರ್ ಕಾರ್ಯಪ್ಪನವರ ಕೈಕೆಳಗೆ ಸೇವೆ ಸಲ್ಲಿಸಿದ್ದವರು. ಕಾರ್ಯಪ್ಪನವರು 1949ರ ಜನವರಿ 15ರಂದು ಭಾರತೀಯ ಭೂಸೇನೆಯ ಮೊದಲ ಭಾರತೀಯ ಮಹಾದಂಡನಾಯಕರಾಗಿ, 1953ರಲ್ಲಿ ನಿವೃತ್ತರಾಗಿದ್ದರು. ಹಳೆಯ ಮೇಲಧಿಕಾರಿಯ ಮಗ ತನ್ನ ನಾಡಿನಲ್ಲಿ ಸೆರೆಯಲ್ಲಿರುವುದನ್ನು ತಿಳಿದ ಅಯೂಬ್ ಖಾನ್ ವಿಶೇಷ ಅನುಕೂಲ ನೀಡಲು ಮುಂದಾದರು, ತಂದೆ ಅದನ್ನು ನಿರಾಕರಿಸಿದರು ಎಂಬುದು ಕಥೆಯ ತಿರುಳು.

ಪಾಠಾಂತರಗಳನ್ನು ಗಮನಿಸಿದರೆ ಕಥೆ ಬೆಳೆಯುವ ಬಗೆ ಸ್ಪಷ್ಟವಾಗುತ್ತದೆ. ಒಂದು ಪಾಠದಲ್ಲಿ ಸಂದೇಶ ಬರುವುದು ದೆಹಲಿಯ ಪಾಕಿಸ್ತಾನಿ ಹೈಕಮಿಷನರ್ ಮೂಲಕ. ಮತ್ತೊಂದರಲ್ಲಿ ಅಯೂಬ್ ಖಾನ್ ಸ್ವತಃ ಫೋನ್ ಮಾಡುತ್ತಾರೆ. ಒಂದರಲ್ಲಿ ಮಗನಿಗೆ ಒಳ್ಳೆಯ ಆರೈಕೆಯ ಭರವಸೆ ಮಾತ್ರ ಸಿಕ್ಕರೆ ಇನ್ನೊಂದರಲ್ಲಿ ಬಿಡುಗಡೆಯ ಆಮಿಷವೇ ಬರುತ್ತದೆ. ತಂದೆಯ ಉತ್ತರವೂ ಒಂದೇ ಬಗೆಯಲ್ಲಿಲ್ಲ. ಅವನೀಗ ತನ್ನ ಮಗನಲ್ಲ, ದೇಶದ ಮಗ ಎಂದು ಕೆಲವರು ಹೇಳಿಸಿದರೆ, ಸೆರೆಯಲ್ಲಿರುವ ಎಲ್ಲ ಯೋಧರೂ ತನ್ನ ಮಕ್ಕಳೇ, ಎಲ್ಲರನ್ನೂ ಸಮನಾಗಿ ನೋಡಿಕೊಳ್ಳಬೇಕು ಎಂದು ಮತ್ತೆ ಕೆಲವರು ಹೇಳಿಸುತ್ತಾರೆ. ಮೊದಲನೆಯದು ಮಮಕಾರವನ್ನು ಕಡಿದುಕೊಂಡ ತಂದೆಯ ಮಾತು. ಎರಡನೆಯದು ಅದನ್ನು ಎಲ್ಲರಿಗೂ ಹಂಚಿದ ತಂದೆಯ ಮಾತು. ಸಂದೇಶ ಬಂದ ದಾರಿ, ಮಾತಿನ ರೂಪ ಬದಲಾದರೂ ಹಳೆಯ ಪರಿಚಯ, ಒಡ್ಡಿದ ಕೃಪೆ, ನಿರಾಕರಣೆ ಎಂಬ ಮೂರು ಆಶಯಗಳು ಎಲ್ಲ ಪಾಠಗಳಲ್ಲಿಯೂ ಅಚಲವಾಗಿ ನಿಲ್ಲುತ್ತವೆ. ಎಲ್ಲ ಪಾಠಗಳಲ್ಲಿಯೂ ಕಥೆ ತಂದೆಯ ಮಾತಿನೊಂದಿಗೇ ಮುಗಿಯುತ್ತದೆ. ಮಗ ಆಮೇಲೆ ಏನಾದ ಎಂಬುದನ್ನು ಕೇಳುವವರೂ ಕಡಿಮೆ, ಹೇಳುವವರೂ ಕಡಿಮೆ.

ಹಂಗಳ ಸೀಮೆಯ ಕಥನ ಪರಂಪರೆಯ ಬೆಳಕಿನಲ್ಲಿ

ಕೊಡಗಿನ ಒಂದು ಮನೆತನದ ಕಥೆ ಹಳೆಯ ಮೈಸೂರಿನವರಿಗೂ ತಮ್ಮದೆನಿಸುವುದು ಹೇಗೆಂಬುದನ್ನು ಅರಿಯಲು ಆ ಸೀಮೆಯ ಕಾವ್ಯಗಳ ಕಡೆಗೆ ನೋಡಬೇಕು. ಗುಂಡ್ಲುಪೇಟೆಯಿಂದ ಊಟಿಗೆ ಹೋಗುವ ದಾರಿಯಲ್ಲಿ, ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ತಿರುಗುವಲ್ಲಿ ಇರುವ ಕಾಡಂಚಿನ ಊರು ಹಂಗಳ. ಇದನ್ನು ಒಳಗೊಂಡ ಚಾಮರಾಜನಗರ ಸೀಮೆ ಕಂಸಾಳೆಯ ದೇವರಗುಡ್ಡರು ಹಾಡುವ ಮಲೆಯ ಮಾದೇಶ್ವರ ಕಾವ್ಯಕ್ಕೂ ನೀಲಗಾರರು ಹಾಡುವ ಮಂಟೇಸ್ವಾಮಿ ಕಾವ್ಯಕ್ಕೂ ನೆಲೆಯಾದುದು. ಮಂಟೇಸ್ವಾಮಿ ಕಾವ್ಯದಲ್ಲಿ ಧರೆಗೆ ದೊಡ್ಡವರು ಪಾಂಚಾಳ ಮನೆತನದ ಕೆಂಪಾಚಾರಿಯನ್ನು ತಮ್ಮ ಶಿಶುಮಗನಾಗಿ ಬೇಡುತ್ತಾರೆ. ಹೆತ್ತವರು ಒಪ್ಪುವುದಿಲ್ಲ. ಸಂಕಟಗಳ ಸರಣಿಯೇ ನಡೆದ ಮೇಲೆ ಮನೆಯ ಮಗ ಮನೆಯನ್ನು ದಾಟಿ ಲೋಕದ ಮಗನಾಗುತ್ತಾನೆ, ಸಿದ್ಧಪ್ಪಾಜಿಯಾಗುತ್ತಾನೆ. ಇಂಥ ಹಾಡನ್ನು ತಲೆಮಾರುಗಳಿಂದ ಕೇಳಿದ ಕಿವಿಗೆ, ಹೆತ್ತ ಮಗನನ್ನು ದೇಶದ ಮಗನೆಂದು ಬಿಟ್ಟುಕೊಟ್ಟ ತಂದೆಯ ಕಥೆ ಹೊಸದೆನಿಸಲಾರದು. ಅಚ್ಚು ಮೊದಲೇ ಇತ್ತು. ಘಟನೆ ಅದರೊಳಕ್ಕೆ ಬಂದು ಕುಳಿತುಕೊಂಡಿತು ಎನ್ನಬಹುದು.

ಆದರೆ ಇವೆರಡರ ನಡುವೆ ಒಂದು ಮಹತ್ವದ ವ್ಯತ್ಯಾಸವಿದೆ. ನೀಲಗಾರರ ಹಾಡು ಕೆಂಪಾಚಾರಿ ಮನೆ ಬಿಟ್ಟಲ್ಲಿಗೆ ಮುಗಿಯುವುದಿಲ್ಲ. ಅವನು ಹಲಗೂರಿನ ಪಾಂಚಾಳರಲ್ಲಿಗೆ ಕಬ್ಬಿಣದ ಭಿಕ್ಷೆಗೆ ಹೋದುದು, ಅಲ್ಲಿ ಪಟ್ಟ ಪಾಡು, ಗೆದ್ದ ಪವಾಡಗಳು ಇವೆಲ್ಲವನ್ನೂ ಹಾಡು ವಿಸ್ತಾರವಾಗಿ ಬೆಂಬತ್ತುತ್ತದೆ. ಚಿಕ್ಕಲ್ಲೂರಿನ ಗದ್ದುಗೆಯವರೆಗೂ ಅವನೊಡನೆ ನಡೆಯುತ್ತದೆ. ಕಾರ್ಯಪ್ಪನವರ ಐತಿಹ್ಯ ಹಾಗಲ್ಲ. ಬಿಟ್ಟುಕೊಟ್ಟ ತಂದೆಯ ಬಳಿಯಲ್ಲೇ ನಿಂತು, ಹೋದ ಮಗನನ್ನು ಹೋದಲ್ಲಿಯೇ ಬಿಟ್ಟುಬಿಡುತ್ತದೆ.

ಕಥೆ ಕೈಬಿಟ್ಟ ಬದುಕು

ಹೀಗೆ ಕೈಬಿಟ್ಟುಹೋದುದು ಸಣ್ಣದೇನಲ್ಲ. ಸೆರೆಯಿಂದ ಮರಳಿದಾಗ ನಂದಾ ಕಾರ್ಯಪ್ಪನವರ ವಯಸ್ಸು 28. ಅವರು ಸಮವಸ್ತ್ರವನ್ನು ತೊರೆಯಲಿಲ್ಲ. ಫ್ಲೈಟ್ ಲೆಫ್ಟಿನೆಂಟ್ ದರ್ಜೆಯಿಂದ ಏರ್ ಮಾರ್ಷಲ್ ದರ್ಜೆಗೆ ಸ್ಕ್ವಾಡ್ರನ್ ಲೀಡರ್, ವಿಂಗ್ ಕಮಾಂಡರ್, ಗ್ರೂಪ್ ಕ್ಯಾಪ್ಟನ್, ಏರ್ ಕಮೋಡೋರ್, ಏರ್ ವೈಸ್ ಮಾರ್ಷಲ್ ಎಂಬ ಐದು ಮೆಟ್ಟಿಲುಗಳನ್ನು ದಾಟಬೇಕು. ಆರನೆಯದೇ ಏರ್ ಮಾರ್ಷಲ್. ಭೂಸೇನೆಯ ಲೆಫ್ಟಿನೆಂಟ್ ಜನರಲ್ ಪದವಿಗೆ ಇದು ಸಮಾನವಾದುದು. ಮೇಲಕ್ಕೆ ಹೋದಂತೆ ಸ್ಥಾನಗಳು ಕಡಿಮೆಯಾಗುವುದರಿಂದ ಆಯ್ಕೆ ಕಠಿಣವಾಗುತ್ತದೆ. ಬೆನ್ನಿಗೆ ಪೆಟ್ಟು ತಿಂದು, ಶತ್ರುವಿನ ಸೆರೆಯನ್ನು ಕಂಡು ಬಂದ ಪೈಲಟ್ ಒಬ್ಬರು ಈ ಮೆಟ್ಟಿಲುಗಳನ್ನೆಲ್ಲ ಏರಿದರೆಂಬುದು ದಶಕಗಳ ಪರಿಶ್ರಮದ ಫಲ. ಒಂದು ಮಾತಿನಲ್ಲಿ ಮುಗಿಯುವ ನಿರಾಕರಣೆಯನ್ನು ಕಥೆ ನೆನಪಿಡಬಲ್ಲದು. ದಿನದಿನವೂ ಸಲ್ಲಿಸಿದ ಸೇವೆಗೆ ಅದರಲ್ಲಿ ಜಾಗ ಸಿಗುವುದು ಕಷ್ಟ.

ನಿವೃತ್ತಿಯ ಬಳಿಕ ನಂದಾ ಅವರು ಲೇಖನಿ ಹಿಡಿದುದೂ ತಂದೆಯ ಜೀವನಚರಿತ್ರೆಯನ್ನು ಬರೆಯುವುದಕ್ಕಾಗಿ. ಆ ಇಂಗ್ಲಿಷ್ ಕೃತಿ 2007ರಲ್ಲಿ ಪ್ರಕಟವಾಯಿತು. ಕಥೆಯಲ್ಲಿ ಮಾತೇ ಇಲ್ಲದ ಪಾತ್ರವಾಗಿದ್ದ ಮಗ, ಮಾತಾಡುವ ಅವಕಾಶ ಬಂದಾಗಲೂ ತಂದೆಯನ್ನೇ ನಡುವೆ ನಿಲ್ಲಿಸಿದರು. ಒಕ್ಕದ ಹಿರಿಯರನ್ನು ಕಾರೋಣರೆಂದು ಸ್ಮರಿಸುವ ಕೊಡವ ಸಂಸ್ಕೃತಿಯಲ್ಲಿ ಇದು ಸಹಜವೇ ಆದರೂ, ವಾಯುಯೋಧನ ಬದುಕನ್ನು ದಾಖಲಿಸುವ ಹೊಣೆ ಇದರಿಂದ ಇತರರ ಮೇಲೆ ಉಳಿದಂತಾಯಿತು.

ಕಂಡವರಿಲ್ಲದ ವೀರ

ಇದೇ ಯುದ್ಧದಲ್ಲಿ ಕೊಡಗಿನ ಮತ್ತೊಬ್ಬ ಪೈಲಟ್‌ಗೆ ಒದಗಿದ ಗತಿಯನ್ನು ಜೊತೆಗಿಟ್ಟು ನೋಡಬೇಕು. ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ಬೋಪಯ್ಯ ದೇವಯ್ಯ 1965ರ ಸೆಪ್ಟೆಂಬರ್ 7ರ ಬೆಳಗಿನ ಸರ್ಗೋಧಾ ವಿಮಾನನೆಲೆಯ ದಾಳಿಗೆ ಮೀಸಲು ಪೈಲಟ್ ಆಗಿ ನಿಯೋಜಿತರಾಗಿ, ತಂಡದಲ್ಲಿ ತೆರವಾದ ಜಾಗವನ್ನು ತುಂಬಿದರು. ಹಿಂದಿರುಗುವಾಗ ಬೆನ್ನಟ್ಟಿ ಬಂದ ಪಾಕಿಸ್ತಾನದ ಸ್ಟಾರ್‌ಫೈಟರ್ ಶಬ್ದದ ಎರಡು ಪಟ್ಟು ವೇಗದ ವಿಮಾನ. ದೇವಯ್ಯನವರ ಮಿಸ್ಟೇರ್ ಅದಕ್ಕೆ ಸಾಟಿಯಾದುದಲ್ಲ. ಆದರೂ ಅವರು ತಿರುಗಿ ನಿಂತು ಹೋರಾಡಿ ಅದನ್ನು ಉರುಳಿಸಿದರು, ತಾವೂ ಮಡಿದರು. ಜೊತೆಗಾರರು ಇದನ್ನು ಕಾಣಲಿಲ್ಲ. ಅವರು ಮರಳಲಿಲ್ಲವೆಂಬುದಷ್ಟೇ ದಾಖಲೆಯಾಯಿತು. ಬ್ರಿಟಿಷ್ ಲೇಖಕ ಜಾನ್ ಫ್ರಿಕರ್ ಪಾಕಿಸ್ತಾನದ ಕಡೆಯ ವಿವರಗಳನ್ನು ಆಧರಿಸಿ ಬರೆದ ಕೃತಿ 1979ರಲ್ಲಿ ಹೊರಬಂದ ಮೇಲೆಯೇ ಸಂಗತಿ ಬೆಳಕಿಗೆ ಬಂತು. 1988ರಲ್ಲಿ, ಅಂದರೆ 23 ವರ್ಷಗಳ ಬಳಿಕ, ಅವರಿಗೆ ಮರಣೋತ್ತರ ಮಹಾವೀರ ಚಕ್ರ ಸಂದಿತು. ಆ ಸಾಹಸದ ಎಳೆಯನ್ನು ಹಿಡಿದ ಹಿಂದಿ ಚಲನಚಿತ್ರವೊಂದು 2025ರಲ್ಲಿ ತೆರೆಕಂಡಿತು.

ವೀರಗಲ್ಲು ನಿಲ್ಲಬೇಕಾದರೆ ಕಾಳಗವನ್ನು ಕಂಡವರಿರಬೇಕು. ತುರುಗೋಳಿನಲ್ಲಿ ಮಡಿದವನ ಬಗ್ಗೆ ಊರಿಗೆ ಬಂದು ಹೇಳಲು ಜೊತೆಗಾರರಿರುತ್ತಿದ್ದರು. ಕಲ್ಲಿನ ಕೆಳಹಂತದಲ್ಲಿ ಅವನ ಹೋರಾಟ, ನಡುಹಂತದಲ್ಲಿ ಅಪ್ಸರೆಯರು ಅವನನ್ನು ವಿಮಾನದಲ್ಲಿ ಒಯ್ಯುವ ನೋಟ, ಮೇಲ್ಹಂತದಲ್ಲಿ ದೇವಸನ್ನಿಧಿ ಹೀಗೆ ಚಿತ್ರಣವಾಗುತ್ತಿತ್ತು. ಒಬ್ಬನೇ ಕೂರುವ ಯುದ್ಧವಿಮಾನ ಈ ಸಾಕ್ಷಿಯ ವ್ಯವಸ್ಥೆಯನ್ನೇ ಕಳಚಿಹಾಕಿತು. ದೇವಯ್ಯನವರಿಗೆ ಸಾಕ್ಷಿಯಾದುದು ಶತ್ರುಪಕ್ಷ. ನಂದಾ ಕಾರ್ಯಪ್ಪನವರಿಗೆ ಸಾಕ್ಷಿಗಳಿದ್ದರು. ಆದರೆ ಆ ಸಾಕ್ಷಿಗಳು ತಂದೆ ಮತ್ತು ಅಯೂಬ್ ಖಾನ್ ಎಂಬ ಎರಡು ದೊಡ್ಡ ಹೆಸರುಗಳಾದ್ದರಿಂದ ಕಥೆ ಅವರದೇ ಆಯಿತು.

ಜನಕಥನವನ್ನು ಸುಳ್ಳೆಂದು ತಳ್ಳಿಹಾಕುವುದು ಇಲ್ಲಿನ ಆಶಯವಲ್ಲ. ಅಧಿಕಾರಸ್ಥರು ತಮ್ಮ ಮಕ್ಕಳಿಗೆ ರಿಯಾಯಿತಿ ಕೇಳಬಾರದೆಂಬ ಧರ್ಮವನ್ನು ಜನ ಈ ಕಥೆಯ ಮೂಲಕ ಕಾಪಾಡಿಕೊಂಡಿದ್ದಾರೆ. ಅದು ಅವರ ನ್ಯಾಯಬುದ್ಧಿಯ ದಾಖಲೆ. ಆದರೆ ಧರ್ಮವನ್ನು ನುಡಿದವನ ಜೊತೆಗೆ ಅದರ ಬೆಲೆ ತೆತ್ತವನೂ ನೆನಪಿನಲ್ಲಿ ಉಳಿಯಬೇಕು. ಸೇನಾ ಸೇವೆಯಲ್ಲಿದ್ದ ಕನ್ನಡ ನಾಡಿನ ಹಿರಿಯರ ಅನುಭವಗಳನ್ನು, ಅವರ ಮನೆಮಂದಿಯ ನೆನಪುಗಳನ್ನು ಅವರವರ ಮಾತಿನಲ್ಲಿಯೇ ಧ್ವನಿಮುದ್ರಿಸಿ ಸಂಗ್ರಹಿಸುವುದು ಜಾನಪದ ಅಧ್ಯಯನದ ಕಾರ್ಯವ್ಯಾಪ್ತಿಗೆ ಸೇರಬೇಕಾಗಿದೆ. ಮನೆ ಬಿಟ್ಟುಹೋದ ಮಗನ ಹಿಂದೆಯೇ ಗದ್ದುಗೆಯವರೆಗೂ ನಡೆಯುವ ನೀಲಗಾರರ ಹಾಡಿನ ಕ್ರಮ ಈ ಕಾರ್ಯಕ್ಕೆ ಮಾದರಿಯಾಗಬಲ್ಲದು.