ತೆರೆಯ ನರಸಿಂಹ, ಬಂಡೆಯ ನರಸಿಂಹ

2025ನೆಯ ಇಸವಿಯ ಜುಲೈ 25ರಂದು ಕನ್ನಡವೂ ಸೇರಿದಂತೆ ಹಲವು ಭಾರತೀಯ ಭಾಷೆಗಳಲ್ಲಿ ತೆರೆಕಂಡ ‘ಮಹಾವತಾರ ನರಸಿಂಹ’ ಎಂಬ ಅನಿಮೇಷನ್ ಚಿತ್ರವು, ವರಾಹನು ಹಿರಣ್ಯಾಕ್ಷನನ್ನು ಕೊಂದು ಭೂದೇವಿಯನ್ನು ಉದ್ಧರಿಸಿದ ಕಥೆಯನ್ನೂ, ಪ್ರಹ್ಲಾದನಿಗಾಗಿ ಕಂಬವನ್ನೊಡೆದು ನರಸಿಂಹನು ಆವಿರ್ಭವಿಸಿದ ಕಥೆಯನ್ನೂ ಒಂದೇ ಸೂತ್ರದಲ್ಲಿ ಪೋಣಿಸಿತು. ಅಶ್ವಿನ್ ಕುಮಾರರು ನಿರ್ದೇಶಿಸಿದ ಈ ಚಿತ್ರವನ್ನು ಬೆಂಗಳೂರಿನ ಹೊಂಬಾಳೆ ಫಿಲ್ಮ್ಸ್ ಸಂಸ್ಥೆಯು ಅರ್ಪಿಸಿತು. ಅದೇ ವರ್ಷದ ಸೆಪ್ಟೆಂಬರ್ 12ರಂದು, ರಾಕ್ಷಸರೊಡನೆ ಕಾದುವ ತಂಜಿರೋ ಎಂಬ ತರುಣನ ಸಾಹಸವನ್ನು ಹೇಳುವ ‘ಡೀಮನ್ ಸ್ಲೇಯರ್: ಇನ್ಫಿನಿಟಿ ಕ್ಯಾಸಲ್’ ಎಂಬ ಜಪಾನೀ ಆನಿಮೆಯೂ ನಮ್ಮ ದೇಶದ ಚಿತ್ರಮಂದಿರಗಳಿಗೆ ಬಂದಿತು. ಅತಿಮಾನುಷವಾದುದನ್ನು ಕಣ್ಣಿಗೆ ಕಟ್ಟುವಂತೆ ತೋರಿಸುವ ಈ ಹಂಬಲವು ಮಲಪ್ರಭೆಯ ತೀರಕ್ಕೆ ಹೊಸತೇನೂ ಅಲ್ಲ; ಅದೇ ವರಾಹ, ಅದೇ ನರಸಿಂಹರನ್ನು ಬಾದಾಮಿಯ ಮೂರನೆಯ ಗುಹಾಲಯದಲ್ಲಿ ಚಾಲುಕ್ಯರ ಮಂಗಲೇಶನು, ಅಣ್ಣನಾದ ಕೀರ್ತಿವರ್ಮನ ಆಳ್ವಿಕೆಯಲ್ಲಿ, ಕ್ರಿ.ಶ. 578ರಷ್ಟು ಹಿಂದೆಯೇ ಕಡೆಯಿಸಿದ್ದನು.

ಚಲಿಸುವ ಚಿತ್ರದ ಗುಟ್ಟನ್ನು ಅರಿತವರಿಗೆ ಈ ಎರಡು ಕಲೆಗಳ ಬಾಂಧವ್ಯವು ಸ್ಪಷ್ಟವಾಗುವುದು. ತೆರೆಯ ಮೇಲೆ ಒಂದು ಸೆಕೆಂಡಿಗೆ 24 ಚೌಕಟ್ಟುಗಳು ಸರಿದುಹೋಗುತ್ತವೆ. ಕೈಯಿಂದ ಬರೆದ ಆನಿಮೆಯಲ್ಲಿ ಒಂದೇ ಚಿತ್ರವನ್ನು ಎರಡು ಅಥವಾ ಮೂರು ಚೌಕಟ್ಟುಗಳವರೆಗೆ ನಿಲ್ಲಿಸುವುದುಂಟಾದ್ದರಿಂದ, ಸೆಕೆಂಡಿಗೆ 12 ಅಥವಾ 8 ಚಿತ್ರಗಳೇ ಸಾಕಾಗುತ್ತವೆ. ಆ ಚಿತ್ರಗಳಲ್ಲಿಯೂ ನುರಿತ ಕಲಾವಿದನು ಮೊದಲು ಪ್ರಧಾನ ಭಂಗಿಗಳನ್ನು ಮಾತ್ರ ಬರೆಯುವನು. ಒಂದು ಭಂಗಿಯಿಂದ ಇನ್ನೊಂದಕ್ಕೆ ಸಾಗುವ ನಡುವಣ ಚಿತ್ರಗಳನ್ನು ಇತರರು ತುಂಬುವರು. ಚಿತ್ರದ ಸತ್ತ್ವವೆಲ್ಲವೂ ಆ ಮೊದಲ ಆಯ್ಕೆಯಲ್ಲಿಯೇ ಅಡಗಿರುವುದು.

ಬಾದಾಮಿಯ ಶಿಲ್ಪಿಯು ಪ್ರಧಾನ ಭಂಗಿಗಳನ್ನು ಮಾತ್ರ ಕಡೆದು, ನಡುವಣದನ್ನು ನೋಡುವವನ ಮನಸ್ಸಿಗೆ ಬಿಟ್ಟನು. ಎರಡನೆಯ ಗುಹೆಯ ತ್ರಿವಿಕ್ರಮ ಫಲಕದಲ್ಲಿ ಕೊಡೆ ಹಿಡಿದ ಕುಳ್ಳ ವಾಮನನು ಒಂದೆಡೆ ನಿಂತಿರಲು, ಅವನೇ ಬೆಳೆದು ಆಕಾಶಕ್ಕೆ ಕಾಲೆತ್ತಿರುವ ಮಹಾಮೂರ್ತಿಯು ಅದೇ ಫಲಕದಲ್ಲಿದೆ. ಆ ಎರಡರ ನಡುವಣ ಬೆಳವಣಿಗೆಯೆಲ್ಲ ನಮ್ಮೊಳಗೆ ನಡೆಯುವುದು. ಮೊದಲನೆಯ ಗುಹೆಯ ನಟರಾಜನಿಗೆ ಹದಿನೆಂಟು ಕೈಗಳು. ಒಂದು ನೃತ್ಯದ ಅನೇಕ ಕ್ಷಣಗಳನ್ನು ಒಂದೇ ದೇಹದ ಸುತ್ತ ಹರಡಿದಂತಿರುವ ಆ ಮೂರ್ತಿಯೆದುರು ತುಸುಹೊತ್ತು ನಿಂತವರಿಗೆ, ಬಂಡೆಯೇ ಕುಣಿಯುತ್ತಿರುವಂತೆ ತೋರುವುದು.

ಆದರೆ ನರಸಿಂಹನನ್ನು ಕಡೆಯುವಾಗ ಶಿಲ್ಪಿಯು ಮಾಡಿದ ಆಯ್ಕೆಯು ಇನ್ನೂ ಗಂಭೀರವಾದುದು. ಚಲನಚಿತ್ರವು ಕಂಬ ಸಿಡಿಯುವ ಅಬ್ಬರವನ್ನೂ ಸಂಹಾರದ ಉಗ್ರತೆಯನ್ನೂ ಪರಾಕಾಷ್ಠೆಗೆ ಒಯ್ಯುವುದು. ಅದು ಆ ಮಾಧ್ಯಮಕ್ಕೆ ಸಹಜವೂ ಉಚಿತವೂ ಆದುದು. ಮೂರನೆಯ ಗುಹೆಯ ನರಸಿಂಹನಾದರೋ ನೆಟ್ಟಗೆ ನಿಂತಿರುವನು. ತೊಡೆಯ ಮೇಲೆ ಹಿರಣ್ಯಕಶಿಪುವಿಲ್ಲ, ಬಗೆದ ಕರುಳಿಲ್ಲ. ಕ್ರೋಧವನ್ನು ಬಲ್ಲ ಶಕ್ತಿಯೊಂದು ಕ್ರೋಧವನ್ನು ಅಡಗಿಸಿಕೊಂಡು ನಿಂತಾಗ ಹುಟ್ಟುವ ಭಯಭಕ್ತಿಗಳು ಎಷ್ಟು ದೀರ್ಘಕಾಲ ಬಾಳಬಲ್ಲವೆಂಬುದಕ್ಕೆ ಹದಿನಾಲ್ಕು ಶತಮಾನಗಳನ್ನು ದಾಟಿಬಂದ ಆ ಮೂರ್ತಿಯೇ ಪ್ರಮಾಣ.

ಹುನಗುಂದ ಸೀಮೆಯ ಐಹೊಳೆಯಲ್ಲಿ, ದುರ್ಗಗುಡಿಯ ಪ್ರದಕ್ಷಿಣಾಪಥದ ಗೂಡುಗಳಲ್ಲಿಯೂ ನರಸಿಂಹ, ವರಾಹ, ಮಹಿಷಮರ್ದಿನಿಯರು ಸಾಲಾಗಿ ಎದುರಾಗುತ್ತಾರೆ. ಚಿತ್ರಮಂದಿರದಲ್ಲಿ ನಾವು ಕುಳಿತಿರಲು ಚಿತ್ರವು ಚಲಿಸುವುದು. ಇಲ್ಲಿ ಮೂರ್ತಿಗಳು ನಿಂತಿರಲು ನಾವೇ ನಡೆದು ಕಥೆಯಿಂದ ಕಥೆಗೆ ಸಾಗಬೇಕು. ಪಟ್ಟದಕಲ್ಲಿನಲ್ಲಿ ರಾಣಿ ಲೋಕಮಹಾದೇವಿಯು ಕಟ್ಟಿಸಿದ ವಿರೂಪಾಕ್ಷ ದೇವಾಲಯದ ಕಂಬಗಳ ಮೇಲೆ ರಾಮಾಯಣ ಮಹಾಭಾರತಗಳ ಪ್ರಸಂಗಗಳು ಪಟ್ಟಿಪಟ್ಟಿಯಾಗಿ ಕಡೆಯಲ್ಪಟ್ಟಿರುವುದನ್ನು ಕಂಡಾಗಲೂ ಇದೇ ಭಾವವು ಮೂಡುವುದು.

ಈ ನಾಡಿಗೆ ಅದರದೇ ಆದ ಅದ್ಭುತಕಥೆಯೂ ಉಂಟು. ತಮ್ಮನಾದ ವಾತಾಪಿಯನ್ನು ಟಗರಾಗಿಸಿ, ಅಡುಗೆ ಮಾಡಿ ಅತಿಥಿಗಳಿಗೆ ಬಡಿಸಿ, ಬಳಿಕ ಹೆಸರು ಹಿಡಿದು ಕರೆದು ಅವರ ಹೊಟ್ಟೆಯನ್ನು ಸೀಳಿಸುತ್ತಿದ್ದ ಇಲ್ವಲನನ್ನೂ, ಉಂಡ ವಾತಾಪಿಯನ್ನು ಜೀರ್ಣಿಸಿಕೊಂಡ ಅಗಸ್ತ್ಯನನ್ನೂ ಮಹಾಭಾರತದ ವನಪರ್ವವು ವರ್ಣಿಸುತ್ತದೆ. ಬಾದಾಮಿಯ ಹಳೆಯ ಹೆಸರು ವಾತಾಪಿ. ಗುಹೆಗಳ ಕೆಳಗಿನ ಕೆರೆಯು ಅಗಸ್ತ್ಯತೀರ್ಥ. ಜಪಾನಿನ ಯುಗೋ ಸಾಕೋ ಅವರು ಭಾರತೀಯ ಕಲಾವಿದ ರಾಮ್ ಮೋಹನರೊಡಗೂಡಿ 1992ರಲ್ಲಿ ರಾಮಾಯಣವನ್ನೇ ಆನಿಮೆಯಾಗಿಸಬಲ್ಲವರಾದರೆ, ವಾತಾಪಿಯ ಈ ಕಥೆಯನ್ನು ಚಿತ್ರಿಸುವ ಕೈಗಳು ಇಲ್ಲಿಯೇ ಏಕೆ ಹುಟ್ಟಬಾರದು? ಬಾಗಲಕೋಟೆಯ, ಇಳಕಲ್ಲಿನ ಮಕ್ಕಳು ಇಂತಹ ಚಿತ್ರವನ್ನು ಕಂಡು ಬಂದ ಬಳಿಕ ಹಿರಿಯರು ಅವರನ್ನು ಬಾದಾಮಿ ಐಹೊಳೆಗಳಿಗೂ ಕರೆದೊಯ್ದು, ಕೈಗೊಂದು ಸೀಸದಕಡ್ಡಿಯನ್ನೂ ಕಾಗದವನ್ನೂ ಕೊಟ್ಟು, ವಾಮನನಿಂದ ತ್ರಿವಿಕ್ರಮನವರೆಗಿನ ನಡುವಣ ಭಂಗಿಗಳನ್ನು ಬರೆಯಹಚ್ಚಲಿ. ಆ ಅಭ್ಯಾಸಕ್ಕಿಂತ ಉತ್ತಮವಾದ ಕಲಾಶಾಲೆಯು ಬೇರೆಲ್ಲಿಯೂ ದೊರೆಯಲಾರದು.